ಆಡಳಿತ ಕಾನೂನು ಮತ್ತು ಆಡಳಿತ ನೀತಿಯ ಬೋಧನೆ: ಮೈಸೂರು

ಸರ್ಕಾರಿ ಅಧಿಕಾರವನ್ನು ಯಾರು, ಎಷ್ಟರಮಟ್ಟಿಗೆ, ಯಾವ ಕ್ರಮದಲ್ಲಿ ಚಲಾಯಿಸಬಹುದು ಎಂದು ಹೇಳುವುದು ಆಡಳಿತ ಕಾನೂನು. ಆ ಅಧಿಕಾರ ಕೈಗೆ ಬಂದಾಗ ಹೇಗೆ ನಡೆದುಕೊಳ್ಳಬೇಕು ಎಂದು ಕೇಳುವುದು ಆಡಳಿತ ನೀತಿ. ಇವೆರಡನ್ನೂ ಹೊಸ ಅಧಿಕಾರಿಗಳಿಗೆ, ಸಾರ್ವಜನಿಕ ಆಡಳಿತದ ವಿದ್ಯಾರ್ಥಿಗಳಿಗೆ ಕಲಿಸುವ ಕೆಲಸಕ್ಕೆ ಕರ್ನಾಟಕದಲ್ಲಿ ಮುಖ್ಯ ನೆಲೆ ಮೈಸೂರು, ಅದರಲ್ಲೂ ಚಾಮುಂಡಿ ಬೆಟ್ಟದ ತಪ್ಪಲಿನ ಲಲಿತಮಹಲ್ ರಸ್ತೆ. ರಾಜ್ಯದ ಆಡಳಿತ ತರಬೇತಿ ಸಂಸ್ಥೆ ಇರುವುದು ಇಲ್ಲಿ. ಅಬ್ದುಲ್ ನಜೀರ್ ಸಾಬ್ ಹೆಸರಿನ ರಾಜ್ಯ ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್ ರಾಜ್ ಸಂಸ್ಥೆ, ರಾಜ್ಯ ನಗರಾಭಿವೃದ್ಧಿ ಸಂಸ್ಥೆಗಳೂ ಇದೇ ರಸ್ತೆಯಲ್ಲಿವೆ. ಕೆಎಎಸ್ ಪರೀಕ್ಷೆ ಗೆದ್ದು ಬಂದ ಪ್ರೊಬೇಷನರಿ ತಹಶೀಲ್ದಾರನೂ ಕರ್ನಾಟಕ ವೃಂದಕ್ಕೆ ಬಂದ ಐಎಎಸ್ ಪ್ರೊಬೇಷನರನೂ ಈ ಬೆಟ್ಟವನ್ನು ನೋಡುತ್ತ ಕೆಲವು ವಾರ ಪಾಠ ಕೇಳುತ್ತಾರೆ.

ಪಠ್ಯಕ್ರಮಗಳಲ್ಲಿ ಕಾನೂನು ಒಂದು ಪತ್ರಿಕೆ, ನೀತಿ ಇನ್ನೊಂದು ಪತ್ರಿಕೆ. ಒಂದಕ್ಕೆ ವಕೀಲರು ಅಥವಾ ಕಾನೂನು ಪ್ರಾಧ್ಯಾಪಕರು, ಮತ್ತೊಂದಕ್ಕೆ ನಿವೃತ್ತ ಅಧಿಕಾರಿಗಳು ಬರುವುದು ರೂಢಿ. ಕಚೇರಿಯಲ್ಲಿ ಮಾತ್ರ ಎರಡೂ ಒಂದೇ ಕಡತದ ಒಂದೇ ಟಿಪ್ಪಣಿ ಹಾಳೆಯ ಮೇಲೆ ಕೂಡುತ್ತವೆ. ಈ ಕ್ಷೇತ್ರದ ಬೋಧನೆಯ ಗುಣವನ್ನು ಅಳೆಯುವುದಿದ್ದರೆ ಆ ಹಾಳೆಯಿಂದಲೇ ಅಳೆಯಬೇಕು.

ಹಿನ್ನೆಲೆ

1831ರಿಂದ 1881ರವರೆಗೆ ಮೈಸೂರನ್ನು ಬ್ರಿಟಿಷ್ ಕಮಿಷನರುಗಳು ಆಳಿದರು. ಮಾರ್ಕ್ ಕಬ್ಬನ್, ಲೂಯಿನ್ ಬೌರಿಂಗ್ ಅವರ ಕಾಲದಲ್ಲಿ ಲಿಖಿತ ನಿಯಮ, ದಾಖಲೆ, ಮೇಲ್ಮನವಿಗಳ ಪದ್ಧತಿ ಬೇರೂರಿತು. 1881ರಲ್ಲಿ ರಾಜ್ಯ ಒಡೆಯರ ಕೈಗೆ ಮರಳಿತು. ದಿವಾನ್ ರಂಗಾಚಾರ್ಲು ಅದೇ ವರ್ಷ ಪ್ರಜಾಪ್ರತಿನಿಧಿ ಸಭೆಯನ್ನು ಆರಂಭಿಸಿದರು. ದಸರೆಯ ವೇಳೆಗೆ ಮೈಸೂರಿನಲ್ಲಿ ಸೇರುತ್ತಿದ್ದ ಆ ಸಭೆಗೆ ಆರಂಭದಲ್ಲಿ ಶಾಸನ ಮಾಡುವ ಅಧಿಕಾರವಿರಲಿಲ್ಲ. ಆದರೆ ತಾಲ್ಲೂಕಿನಿಂದ ಬಂದ ಪ್ರತಿನಿಧಿ ಅಮಲ್ದಾರನ ನಡವಳಿಕೆಯ ವಿಷಯವನ್ನು ದಿವಾನರ ಮುಂದೆ ಎತ್ತಬಹುದಿತ್ತು. ಉತ್ತರ ಕೊಡುವ ಹೊಣೆ ಆಡಳಿತಕ್ಕೆ ಮೊದಲು ರೂಢಿಯಾದದ್ದು ಹೀಗೆ.

1890ರ ದಶಕದ ಆರಂಭದಲ್ಲಿ, ದಿವಾನ್ ಶೇಷಾದ್ರಿ ಅಯ್ಯರ್ ಕಾಲದಲ್ಲಿ, ಮೈಸೂರು ಸಿವಿಲ್ ಸರ್ವೀಸಿಗೆ ಸ್ಪರ್ಧಾತ್ಮಕ ಪರೀಕ್ಷೆ ಬಂತು. ಗೆದ್ದವರಿಗೆ ತರಬೇತಿ ಶಾಲೆಯೇನೂ ಇರಲಿಲ್ಲ. ತಾಲ್ಲೂಕು ಕಚೇರಿಯೇ ಶಾಲೆ, ಹಳೆಯ ಶಿರಸ್ತೇದಾರರೇ ಮೇಷ್ಟ್ರು. ಆ ಕಲಿಕೆ ಹೇಗಿತ್ತೆಂದು ತಿಳಿಯಲು ನವರತ್ನ ರಾಮರಾಯರ ‘ಕೆಲವು ನೆನಪುಗಳು’ ಪುಸ್ತಕಕ್ಕಿಂತ ಒಳ್ಳೆಯ ದಾರಿ ಕನ್ನಡದಲ್ಲಿಲ್ಲ. ಮಾಸ್ತಿ ವೆಂಕಟೇಶ ಅಯ್ಯಂಗಾರರೂ ಇದೇ ಸರ್ವೀಸಿನವರು, ಎಕ್ಸೈಸ್ ಕಮಿಷನರ್ ಹುದ್ದೆಯವರೆಗೆ ಏರಿದವರು. ಡಿ.ವಿ.ಜಿ. ಸರ್ಕಾರದ ಹೊರಗೆ ನಿಂತೇ ಆಡಳಿತದ ಪಾಠ ಹೇಳುವ ಕೆಲಸ ಮಾಡಿದರು. 1945ರಲ್ಲಿ ಬೆಂಗಳೂರಿನಲ್ಲಿ ಅವರು ಕಟ್ಟಿದ ಗೋಖಲೆ ಸಾರ್ವಜನಿಕ ವಿಚಾರ ಸಂಸ್ಥೆ ಅಧಿಕಾರಿಗಿಂತ ಹೆಚ್ಚಾಗಿ ಪ್ರಜೆಯನ್ನು ತಯಾರು ಮಾಡಲು ಹೊರಟಿತ್ತು.

ಈಗಿನ ಸ್ಥಿತಿಗೆ ಬಂದರೆ, ಆಡಳಿತ ತರಬೇತಿ ಸಂಸ್ಥೆಯ ಅಡಿಯಲ್ಲಿ ಜಿಲ್ಲಾ ತರಬೇತಿ ಸಂಸ್ಥೆಗಳಿದ್ದು, ಎಫ್‌ಡಿಎ, ಎಸ್‌ಡಿಎ ಮಟ್ಟದ ನೌಕರರಿಗೆ ಪಾಠವಾಗುವುದು ಅಲ್ಲೇ. ನಗರದೊಳಗೆ ಮೈಸೂರು ವಿಶ್ವವಿದ್ಯಾನಿಲಯವೂ ಕರ್ನಾಟಕ ರಾಜ್ಯ ಮುಕ್ತ ವಿಶ್ವವಿದ್ಯಾನಿಲಯವೂ ಸಾರ್ವಜನಿಕ ಆಡಳಿತವನ್ನು ಕಲಿಸುತ್ತವೆ. ಮುಕ್ತ ವಿಶ್ವವಿದ್ಯಾನಿಲಯ ತನ್ನ ಭೌಗೋಳಿಕ ವ್ಯಾಪ್ತಿ ಮೀರಿ ಕೋರ್ಸು ನಡೆಸಿತೆಂದು ಯುಜಿಸಿ 2015ರಲ್ಲಿ ಮಾನ್ಯತೆ ಹಿಂಪಡೆಯಿತು. ಅದು ಮರಳಿ ಸಿಕ್ಕಿದ್ದು 2018ರಲ್ಲಿ. ಅಧಿಕಾರವ್ಯಾಪ್ತಿ ಮೀರುವುದೆಂದರೇನು ಎಂಬ ಅಧ್ಯಾಯಕ್ಕೆ ಅಲ್ಲಿನ ವಿದ್ಯಾರ್ಥಿಗಳು ಉದಾಹರಣೆಯನ್ನು ಹೊರಗೆ ಹುಡುಕಬೇಕಾಗಿಲ್ಲ. ಬೆಂಗಳೂರಿನ ಐಐಎಂ 2002ರಲ್ಲಿ ಸಾರ್ವಜನಿಕ ನೀತಿ ಮತ್ತು ನಿರ್ವಹಣೆಯ ಸ್ನಾತಕೋತ್ತರ ಕಾರ್ಯಕ್ರಮವನ್ನೂ, ರಾಷ್ಟ್ರೀಯ ಕಾನೂನು ಶಾಲೆ 2014ರಲ್ಲಿ ಸಾರ್ವಜನಿಕ ನೀತಿಯ ಸ್ನಾತಕೋತ್ತರ ಪದವಿಯನ್ನೂ ಆರಂಭಿಸಿದವು.

ಕಾನೂನಿನ ಪಾಠ

ಸೇವೆಗೆ ಸೇರಿದವರು ಮೊದಲು ಎದುರಿಸುವುದು ಕೆಪಿಎಸ್‌ಸಿಯ ಇಲಾಖಾ ಪರೀಕ್ಷೆಗಳನ್ನು: ಅಕೌಂಟ್ಸ್ ಹೈಯರ್, ಜನರಲ್ ಲಾ, ರೆವಿನ್ಯೂ ಇತ್ಯಾದಿ. ಬಡ್ತಿ, ಪ್ರೊಬೇಷನ್ ಘೋಷಣೆ ಇವಕ್ಕೆ ಅಂಟಿಕೊಂಡಿರುವುದರಿಂದ ಕಾನೂನೆಂದರೆ ಸೆಕ್ಷನ್ ನಂಬರು ಹುಡುಕುವುದು ಎಂಬ ಭಾವನೆ ಇಲ್ಲೇ ಬೆಳೆಯುತ್ತದೆ. ತರಬೇತಿಯಲ್ಲಿ ಒಳ್ಳೆಯ ಬೋಧಕನ ಮೊದಲ ಕೆಲಸ ಈ ಭಾವನೆಯನ್ನು ಬಿಡಿಸುವುದು. ಅದಕ್ಕೆ ತೀರ್ಪುಗಳ ಹಿಂದಿನ ಘಟನೆಗಳೇ ಬೇಕು, ತತ್ತ್ವಗಳ ಪಟ್ಟಿಯಲ್ಲ.

ಪಕ್ಷಪಾತದ ಪಾಠಕ್ಕೆ 1969ರ ಕ್ರೈಪಾಕ್ ತೀರ್ಪು ಎಲ್ಲ ಕಡೆ ಬರುತ್ತದೆ. ಜಮ್ಮು ಮತ್ತು ಕಾಶ್ಮೀರದಲ್ಲಿ ಭಾರತೀಯ ಅರಣ್ಯ ಸೇವೆಗೆ ಅಧಿಕಾರಿಗಳನ್ನು ಆರಿಸುವಾಗ, ಆಯ್ಕೆ ಮಂಡಳಿಯ ಸದಸ್ಯರೊಬ್ಬರು ತಾವೇ ಅಭ್ಯರ್ಥಿಯೂ ಆಗಿದ್ದರು. ತಮ್ಮ ಹೆಸರು ಬಂದಾಗ ಎದ್ದು ಹೊರಗೆ ಹೋದದ್ದು ಸಾಕಾಗದು ಎಂದಿತು ಸುಪ್ರೀಂ ಕೋರ್ಟು. ಪ್ರತಿಸ್ಪರ್ಧಿಗಳ ಹೆಸರು ಚರ್ಚೆಯಾಗುವಾಗ ಅವರು ಕೂತೇ ಇದ್ದರಲ್ಲ? ಆಡಳಿತಾತ್ಮಕ ಕೆಲಸ, ನ್ಯಾಯಿಕ ಸ್ವರೂಪದ ಕೆಲಸ ಎಂಬ ಹಳೆಯ ಗೋಡೆಯನ್ನೂ ಆ ತೀರ್ಪು ಬಹುಮಟ್ಟಿಗೆ ಕೆಡವಿತು. 1978ರ ಮೇನಕಾ ಗಾಂಧಿ ಪ್ರಕರಣ, ಇಲಾಖಾ ವಿಚಾರಣೆಯ ವರದಿಯ ಪ್ರತಿಯನ್ನು ಶಿಕ್ಷೆಗೆ ಮುಂಚೆ ನೌಕರನಿಗೆ ಕೊಡಬೇಕೆಂದ 1993ರ ಕರುಣಾಕರ್ ಪ್ರಕರಣ ಅದೇ ದಾರಿಯ ಮುಂದಿನ ಮೈಲಿಗಲ್ಲುಗಳು. ಕರುಣಾಕರ್ ತೀರ್ಪನ್ನು ಪ್ರೊಬೇಷನರುಗಳು ವಿಶೇಷ ಆಸಕ್ತಿಯಿಂದ ಕೇಳುತ್ತಾರೆ. ನಾಳೆ ವಿಚಾರಣಾಧಿಕಾರಿಯ ಕುರ್ಚಿಯಲ್ಲಿ ಕೂರುವವರೂ, ಆಪಾದಿತರಾಗಿ ಎದುರು ನಿಲ್ಲಬಹುದಾದವರೂ ಅವರೇ ತಾನೆ!

ಕರ್ನಾಟಕದ್ದೇ ಆದ ಪ್ರಕರಣಗಳಲ್ಲಿ ಬೋಧನೆಗೆ ಬಹಳ ಒದಗುವುದು ಬೆಂಗಳೂರು ಮೆಡಿಕಲ್ ಟ್ರಸ್ಟ್ ವಿರುದ್ಧ ಮುದ್ದಪ್ಪ, 1991. ರಾಜಮಹಲ್ ವಿಲಾಸ್ ಬಡಾವಣೆಯಲ್ಲಿ ಉದ್ಯಾನಕ್ಕೆಂದು ಬಿಟ್ಟಿದ್ದ ಜಾಗವನ್ನು 1976ರಲ್ಲಿ ಮುಖ್ಯಮಂತ್ರಿಯ ನಿರ್ದೇಶನದ ಮೇಲೆ ಖಾಸಗಿ ಆಸ್ಪತ್ರೆಗೆ ಕೊಡಲಾಯಿತು. ನಿವಾಸಿಗಳು ಕೋರ್ಟಿಗೆ ಹೋದರು. ಆಸ್ಪತ್ರೆಯೂ ಜನರಿಗೆ ಬೇಕಾದದ್ದೇ ಅಲ್ಲವೇ ಎಂಬ ವಾದ ನಿಲ್ಲಲಿಲ್ಲ. ಯೋಜನೆಯನ್ನು ಬದಲಿಸುವ ಅಧಿಕಾರ ಕಾಯ್ದೆ ಯಾರಿಗೆ ಕೊಟ್ಟಿದೆಯೋ ಅವರು ತಾವೇ ಯೋಚಿಸಿ ತೀರ್ಮಾನಿಸಬೇಕು, ಮೇಲಿನವರು ಹೇಳಿದ್ದನ್ನು ನಕಲು ಮಾಡುವುದು ವಿವೇಚನೆಯಲ್ಲ ಎಂಬುದು ಅದರ ತಿರುಳು. ಉದ್ದೇಶ ಒಳ್ಳೆಯದಿದ್ದರೆ ದಾರಿ ಹೇಗಿದ್ದರೂ ನಡೆಯುತ್ತದೆ ಎಂದು ನಂಬಿ ಬಂದ ತರಗತಿಗೆ ಇದಕ್ಕಿಂತ ಒಳ್ಳೆಯ ಮದ್ದಿಲ್ಲ.

ಕಾರ್ಯಾಂಗದ ಆದೇಶ ಎಲ್ಲಿಯವರೆಗೆ ಹೋಗಬಹುದು ಎಂಬುದಕ್ಕೆ ಲೋಕಾಯುಕ್ತದ ಕಥೆಯಿದೆ. 1984ರ ಕಾಯ್ದೆಯಿಂದ ಹುಟ್ಟಿದ ಸಂಸ್ಥೆ ನ್ಯಾಯಮೂರ್ತಿ ಎನ್. ವೆಂಕಟಾಚಲ, ಆಮೇಲೆ ಸಂತೋಷ್ ಹೆಗ್ಡೆ ಅವರ ಕಾಲದಲ್ಲಿ ಮನೆಮಾತಾಯಿತು. ಬಳ್ಳಾರಿ ಗಣಿ ವರದಿ 2011ರಲ್ಲಿ ಸರ್ಕಾರವನ್ನೇ ಅಲುಗಿಸಿತು. 2016ರ ಮಾರ್ಚಿನಲ್ಲಿ ಸರ್ಕಾರ ಒಂದು ಆದೇಶದ ಮೂಲಕ ಭ್ರಷ್ಟಾಚಾರ ನಿಗ್ರಹ ದಳವನ್ನು ರಚಿಸಿ, ಲೋಕಾಯುಕ್ತ ಪೊಲೀಸರ ಅಧಿಕಾರವನ್ನು ಅದಕ್ಕೆ ವರ್ಗಾಯಿಸಿತು. 2022ರ ಆಗಸ್ಟ್ 11ರಂದು ಹೈಕೋರ್ಟ್ ಆ ಆದೇಶವನ್ನು ರದ್ದುಮಾಡಿತು. ಶಾಸನದಿಂದ ನಿಂತ ಸಂಸ್ಥೆಯನ್ನು ಬರಿಯ ಸರ್ಕಾರಿ ಆದೇಶದಿಂದ ಬಡವಾಗಿಸಲು ಬರುವುದಿಲ್ಲ ಎಂಬುದನ್ನು ಹೇಳಲು ಬೋಧಕ ಈಗ ಲಂಡನ್ನಿನ ಉದಾಹರಣೆ ತರಬೇಕಾಗಿಲ್ಲ.

ಇವೆಲ್ಲಕ್ಕಿಂತ ದಿನದ ಕೆಲಸಕ್ಕೆ ಹತ್ತಿರವಾದದ್ದು ಕಂದಾಯದ ಅರೆನ್ಯಾಯಿಕ ಅಧಿಕಾರ. ಕೆಎಎಸ್ ಅಧಿಕಾರಿ ಉಪವಿಭಾಗಾಧಿಕಾರಿಯಾಗಿ ಕೂತ ಮೊದಲ ವಾರದಿಂದಲೇ ಪಹಣಿ ತಕರಾರಿನ ಮೇಲ್ಮನವಿಗಳನ್ನು ಕೇಳಬೇಕು. ಪರಿಶಿಷ್ಟರಿಗೆ ಮಂಜೂರಾದ ಜಮೀನಿನ ಪರಭಾರೆ ನಿಷೇಧಿಸಿದ 1978ರ ಪಿಟಿಸಿಎಲ್ ಕಾಯ್ದೆಯ ಅರ್ಜಿಗಳನ್ನು ತೀರ್ಮಾನಿಸಬೇಕು. ಈ ಕಾಯ್ದೆಯೊಂದೇ ಪೂರ್ಣ ಪಠ್ಯವಾಗಬಲ್ಲದು. 1984ರಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. 2017ರ ನೆಕ್ಕಂಟಿ ತೀರ್ಪಿನಲ್ಲಿ, ಜಮೀನು ವಾಪಸು ಕೊಡಿಸುವ ಅರ್ಜಿ ‘ಯುಕ್ತ ಕಾಲ’ದೊಳಗೆ ಬರಬೇಕು ಎಂದಿತು. ಆ ಮಾತಿನ ಆಧಾರದ ಮೇಲೆ ಅರ್ಜಿಗಳು ವಜಾ ಆಗತೊಡಗಿದಾಗ ಹೋರಾಟ ಎದ್ದು, 2023ರಲ್ಲಿ ಶಾಸನಸಭೆ ಕಾಲಮಿತಿಯ ಅಡ್ಡಿಯನ್ನು ತೆಗೆಯಲು ತಿದ್ದುಪಡಿ ತಂದಿತು. ಓದು ಬರಹ ಬಾರದ ಮಂಜೂರಾತಿದಾರನ ಮೊಮ್ಮಗ ಒಂದು ಕಡೆ, ಎರಡು ಮೂರು ಕೈ ದಾಟಿ ಬಂದ ಜಮೀನನ್ನು ಹಣ ಕೊಟ್ಟು ಕೊಂಡ ಸಣ್ಣ ರೈತ ಇನ್ನೊಂದು ಕಡೆ. ಇವರ ನಡುವೆ ತೀರ್ಪು ಬರೆಯಬೇಕಾದವನಿಗೆ ಸೆಕ್ಷನ್ ಬಾಯಿಪಾಠ ಬಂದರೆ ಸಾಲದು.

ನೀತಿಯ ಪಾಠ

ಕೇಂದ್ರದಲ್ಲಿ ನೀತಿಶಾಸ್ತ್ರ ಪರೀಕ್ಷೆಯ ವಿಷಯವಾದದ್ದು ಈಚೆಗೆ. ಎರಡನೆಯ ಆಡಳಿತ ಸುಧಾರಣಾ ಆಯೋಗದ ನಾಲ್ಕನೆಯ ವರದಿ, ಆಡಳಿತದಲ್ಲಿ ನೈತಿಕತೆಯನ್ನು ಕುರಿತದ್ದು, 2007ರಲ್ಲಿ ಬಂತು. ಆಯೋಗದ ಅಧ್ಯಕ್ಷರಾಗಿದ್ದವರು ಕರ್ನಾಟಕದ ಮಾಜಿ ಮುಖ್ಯಮಂತ್ರಿ, ಕನ್ನಡದ ಲೇಖಕ ವೀರಪ್ಪ ಮೊಯಿಲಿ. 2013ರಲ್ಲಿ ಯುಪಿಎಸ್‌ಸಿ ಮುಖ್ಯ ಪರೀಕ್ಷೆಯಲ್ಲಿ 250 ಅಂಕಗಳ ನೈತಿಕತೆಯ ಪತ್ರಿಕೆ ಸೇರಿತು, ಕೆಪಿಎಸ್‌ಸಿಯೂ ಆಮೇಲೆ ಅದೇ ಹಾದಿ ಹಿಡಿಯಿತು. ಇದರ ಫಲವಾಗಿ ಕೋಚಿಂಗ್ ಕೇಂದ್ರಗಳಲ್ಲಿ ‘ಎಥಿಕ್ಸ್ ನೋಟ್ಸ್’ ಎಂಬ ಹೊಸ ಸರಕು ಹುಟ್ಟಿತು. ಪ್ರಾಮಾಣಿಕವಾಗಿ ಉತ್ತರಿಸುವುದು ಹೇಗೆಂದು ಬಾಯಿಪಾಠ ಮಾಡಿಸುವ ನೋಟ್ಸ್!

ಮೈಸೂರಿನ ನೀತಿಪಾಠಗಳಲ್ಲಿ ವಿಶ್ವೇಶ್ವರಯ್ಯನವರ ಎರಡು ಮೇಣದಬತ್ತಿಗಳ ಕಥೆ ತಪ್ಪುವುದಿಲ್ಲ. ಸರ್ಕಾರಿ ಕೆಲಸಕ್ಕೆ ಸರ್ಕಾರದ ಬತ್ತಿ, ಸ್ವಂತ ಕೆಲಸಕ್ಕೆ ಸ್ವಂತದ್ದು. ದೀಪದ ಇಂಥದೇ ಕಥೆಯನ್ನು ಚಾಣಕ್ಯನ ಮೇಲೂ ಹೇಳುತ್ತಾರೆ. ನಡೆದದ್ದೋ ಅಲ್ಲವೋ, ಪಾಠವಾಗಿ ಇದು ತೀರ ಸುಲಭ. ಸರ್ಕಾರದ ಬತ್ತಿಯಲ್ಲಿ ಸ್ವಂತ ಪತ್ರ ಬರೆಯುವುದು ತಪ್ಪೆಂದು ತರಗತಿಯಲ್ಲಿ ಯಾರಿಗೆ ತಾನೆ ಗೊತ್ತಿಲ್ಲ?

ಅದೇ ವಿಶ್ವೇಶ್ವರಯ್ಯನವರ ಬದುಕಿನಲ್ಲಿ ನಿಜವಾಗಿ ಕಷ್ಟದ ಪಾಠವೊಂದಿದೆ. 1917ರಲ್ಲಿ ಪ್ರಜಾಮಿತ್ರ ಮಂಡಳಿ ಹುಟ್ಟಿ, ಸರ್ಕಾರಿ ನೌಕರಿಗಳಲ್ಲಿ ಬ್ರಾಹ್ಮಣೇತರರಿಗೆ ಪಾಲು ಬೇಕೆಂದು ಕೇಳಿತು. 1918ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ಮುಖ್ಯ ನ್ಯಾಯಾಧೀಶ ಸರ್ ಲೆಸ್ಲಿ ಮಿಲ್ಲರ್ ಅಧ್ಯಕ್ಷತೆಯಲ್ಲಿ ಸಮಿತಿ ನೇಮಿಸಿದರು. ದಕ್ಷತೆ ಕುಂದೀತೆಂದು ಆಗ ದಿವಾನರಾಗಿದ್ದ ವಿಶ್ವೇಶ್ವರಯ್ಯನವರಿಗೆ ಒಪ್ಪಿಗೆಯಿರಲಿಲ್ಲ; ಆ ವರ್ಷದ ಕೊನೆಗೆ ಅವರು ಹುದ್ದೆ ಬಿಟ್ಟರು. ಸಮಿತಿಯ ವರದಿ ಮುಂದೆ ಮೀಸಲಾತಿಗೆ ದಾರಿಯಾಯಿತು. ಇಲ್ಲಿ ಲಂಚವಿಲ್ಲ, ಸ್ವಾರ್ಥವಿಲ್ಲ. ವೈಯಕ್ತಿಕವಾಗಿ ಕಳಂಕವಿಲ್ಲದ ಆಡಳಿತಗಾರನೊಬ್ಬ ಒಂದು ಕಡೆ. ಪರೀಕ್ಷೆ ಎಲ್ಲರಿಗೂ ತೆರೆದಿದ್ದರೂ ಬಾಗಿಲವರೆಗೆ ಬರಲು ಕೆಲವರಿಗಷ್ಟೇ ಸಾಧ್ಯವಾಗಿದ್ದ ವ್ಯವಸ್ಥೆ ಇನ್ನೊಂದು ಕಡೆ. ಸಂಸ್ಥೆಯೊಂದು ಅನ್ಯಾಯವಾಗಿರಲು ಅದರೊಳಗಿನವರು ಕೆಟ್ಟವರಾಗಿರಬೇಕಿಲ್ಲ ಎಂಬುದನ್ನು ಮೇಣದಬತ್ತಿ ಕಲಿಸುವುದಿಲ್ಲ. ತರಬೇತಿಯಲ್ಲಿ ಒಂದು ಇಡೀ ದಿನ ಮಿಲ್ಲರ್ ಸಮಿತಿಗೆ ಸಲ್ಲಬೇಕು. ಮೀಸಲು ಬಡ್ತಿಯಲ್ಲಿ ತತ್ಪರಿಣಾಮ ಜ್ಯೇಷ್ಠತೆ ಕುರಿತ ಪವಿತ್ರಾ ಪ್ರಕರಣ, ಅಂದರೆ 2017ರಲ್ಲಿ ಕರ್ನಾಟಕದ ಹಳೆಯ ಕಾಯ್ದೆ ಬಿದ್ದು 2019ರಲ್ಲಿ ಹೊಸ ಕಾಯ್ದೆ ಉಳಿದ ವಿಚಾರ, ಆ ಚರ್ಚೆಯ ಮುಂದುವರಿಕೆಯೇ.

ನೇಮಕಾತಿಯೂ ಪಾಠದ ವಸ್ತುವೇ. ಕೆಪಿಎಸ್‌ಸಿ 2011ರ ಸಾಲಿನ 362 ಗೆಜೆಟೆಡ್ ಪ್ರೊಬೇಷನರುಗಳ ಆಯ್ಕೆಯನ್ನು ಅಕ್ರಮದ ಆರೋಪದ ಮೇಲೆ ಸರ್ಕಾರ 2014ರಲ್ಲಿ ಕೈಬಿಟ್ಟಿತು. ಕರ್ನಾಟಕ ಆಡಳಿತ ನ್ಯಾಯಮಂಡಳಿ 2016ರಲ್ಲಿ ಅದನ್ನು ಉಳಿಸಿತು, 2018ರಲ್ಲಿ ಹೈಕೋರ್ಟ್ ಮತ್ತೆ ರದ್ದುಪಡಿಸಿತು, 2022ರಲ್ಲಿ ಶಾಸನಸಭೆ ಕಾಯ್ದೆಯನ್ನೇ ಮಾಡಿ ಆಯ್ಕೆಯನ್ನು ಸಿಂಧುಗೊಳಿಸಿತು. ಕಳಂಕಿತರನ್ನೂ ನಿರ್ದೋಷಿಗಳನ್ನೂ ಬೇರ್ಪಡಿಸಲಾಗದಿದ್ದಾಗ ಏನು ಮಾಡಬೇಕು? ನ್ಯಾಯಾಲಯ ತಪ್ಪೆಂದದ್ದನ್ನು ಶಾಸನ ಸರಿಮಾಡಬಹುದೇ? ಕಾನೂನಿನ ಮೇಷ್ಟ್ರಿಗೂ ನೀತಿಯ ಮೇಷ್ಟ್ರಿಗೂ ಇಲ್ಲಿ ಒಂದೇ ಪ್ರಶ್ನೆಪತ್ರಿಕೆ.

ನಿಯಮಗಳ ಕೊರತೆ ರಾಜ್ಯಕ್ಕಿಲ್ಲ. ಶಿಸ್ತುಕ್ರಮಕ್ಕೆ 1957ರ ಸಿಸಿಎ ನಿಯಮಗಳಿವೆ. 1966ರ ನಡತೆ ನಿಯಮಗಳ ಜಾಗದಲ್ಲಿ 2021ರಲ್ಲಿ ಹೊಸವು ಬಂದವು. ಖರೀದಿಗೆ 1999ರ ಪಾರದರ್ಶಕತೆ ಕಾಯ್ದೆ. ಸರ್ಕಾರಿ ಸೇವೆಗಳನ್ನು ಗೊತ್ತಾದ ಅವಧಿಯಲ್ಲಿ ಕೊಡಬೇಕೆನ್ನುವ ಸಕಾಲ ಯೋಜನೆ 2012ರ ಏಪ್ರಿಲಿನಲ್ಲಿ ಶುರುವಾಯಿತು. ತಡವಾದ ಪ್ರತಿ ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500 ರೂಪಾಯಿ ಅರ್ಜಿದಾರನಿಗೆ ಪರಿಹಾರ. ಮೊತ್ತ ಚಿಕ್ಕದು. ಆದರೂ ‘ನಾಳೆ ಬಾ’ ಎಂಬ ಮಾತಿಗೆ ಬೆಲೆ ಕಟ್ಟಿದ್ದು ಸಣ್ಣ ಸಂಗತಿಯಲ್ಲ.

ಟಿಪ್ಪಣಿ ಹಾಳೆ

ಕಡತ ಮೇಲೆ ಹೋಗಿ ಕೆಳಗೆ ಬರುವಾಗ ಅಂಚಿನಲ್ಲಿ ಕಾಣುವ ಮಾತುಗಳು ಎಲ್ಲ ಕಚೇರಿಗೂ ಪರಿಚಿತ: ‘ಚರ್ಚಿಸಿ’, ‘ಚರ್ಚಿಸಿದಂತೆ ಮಂಡಿಸಿದೆ’, ‘ನಿಯಮಾನುಸಾರ ಕ್ರಮ ಕೈಗೊಳ್ಳಿ’. ಮೊದಲನೆಯದು ಮಾತನ್ನು ಕಡತದ ಹೊರಗೆ ಒಯ್ಯುತ್ತದೆ. ಎರಡನೆಯದು ಅಲ್ಲಿ ಆದ ತೀರ್ಮಾನಕ್ಕೆ ಕೆಳಗಿನವನ ಸಹಿ ಹಾಕಿಸುತ್ತದೆ. ಮೂರನೆಯದು ಏನೂ ಹೇಳದೆ ಎಲ್ಲ ಹೊಣೆಯನ್ನೂ ಕೆಳಕ್ಕೆ ಇಳಿಸುತ್ತದೆ. ಮೂರರಲ್ಲೂ ಕಾನೂನು ಮೀರಿದ ಗುರುತೇ ಇಲ್ಲ.

ಇದಕ್ಕೆ ಎದುರಾಗಿ ಎರಡು ತೀರ್ಪುಗಳನ್ನು ಒಟ್ಟಿಗೆ ಓದಿಸುವುದು ಒಳ್ಳೆಯದು. 1977ರ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದ ಪ್ರಕಾರ ಆದೇಶ ತನ್ನೊಳಗೆ ಬರೆದ ಕಾರಣಗಳ ಮೇಲೆಯೇ ನಿಲ್ಲಬೇಕು. ಕೋರ್ಟಿಗೆ ಹೋದ ಮೇಲೆ ಅಫಿಡವಿಟ್ಟಿನಲ್ಲಿ ಹೊಸ ಕಾರಣ ತುಂಬಲಾಗದು. 2013ರ ಟಿ.ಎಸ್.ಆರ್. ಸುಬ್ರಮಣಿಯನ್ ಪ್ರಕರಣದ ಪ್ರಕಾರ ಅಧಿಕಾರಿಗಳು ಮೌಖಿಕ ಆದೇಶದ ಮೇಲೆ ನಡೆಯಬಾರದು, ಅಂಥ ಸೂಚನೆ ಬಂದರೆ ಬರವಣಿಗೆಯಲ್ಲಿ ದಾಖಲಿಸಬೇಕು. ಕಾನೂನಾಗಿ ಇದು ಕಾರ್ಯವಿಧಾನ. ಶಾಸಕರ ಫೋನು ಬಂದ ಸಂಜೆ ‘ದೂರವಾಣಿಯಲ್ಲಿ ಸೂಚಿಸಿದಂತೆ’ ಎಂದು ಪೆನ್ನು ಹಿಡಿದು ಬರೆಯುವುದು ಎದೆಗಾರಿಕೆ. ವರ್ಗಾವಣೆಯ ಭಯವನ್ನು ಮುಚ್ಚಿಟ್ಟು ಈ ಪಾಠ ಹೇಳುವ ಬೋಧಕನನ್ನು ಪ್ರೊಬೇಷನರುಗಳು ನಂಬುವುದಿಲ್ಲ, ನಂಬಬೇಕಾಗಿಯೂ ಇಲ್ಲ. ಇ-ಆಫೀಸ್ ಬಂದ ಮೇಲೆ ಟಿಪ್ಪಣಿಯ ದಿನಾಂಕ, ವೇಳೆ ತಾನಾಗಿ ದಾಖಲಾಗುವುದರಿಂದ ಹಾಳೆ ಬದಲಿಸುವ ಹಳೆಯ ಚಾಳಿಗೆ ತಡೆ ಬಿದ್ದಿದೆ. ‘ಚರ್ಚಿಸಿ’ ಮಾತ್ರ ಅಲ್ಲಿಗೂ ಬಂದಿದೆ.

ಬೆಟ್ಟವೇ ಪ್ರಕರಣ

ತರಗತಿಯ ಕಿಟಕಿಯಿಂದ ಕಾಣುವ ಬೆಟ್ಟದಲ್ಲಿ ಆಡಳಿತ ಕಾನೂನಿನ ಬಹುತೇಕ ಅಧ್ಯಾಯಗಳಿವೆ. ಸಮುದ್ರಮಟ್ಟದಿಂದ ಸಾವಿರ ಮೀಟರಿಗೂ ಎತ್ತರದ ಈ ಬೆಟ್ಟದ ಇಳಿಜಾರು ಮೀಸಲು ಅರಣ್ಯ, ಮೇಲೆ ಊರಿದೆ, ಗ್ರಾಮ ಪಂಚಾಯಿತಿಯಿದೆ, ದೇವಸ್ಥಾನ ಮುಜರಾಯಿಗೆ ಸೇರಿದ್ದು, ರಸ್ತೆಗಳು ಲೋಕೋಪಯೋಗಿಯವು, ಪ್ರವಾಸೋದ್ಯಮ, ಪೊಲೀಸ್, ಜಿಲ್ಲಾಡಳಿತ ಸರಿಯೇ ಸರಿ. ಹದಿನೇಳನೆಯ ಶತಮಾನದಲ್ಲಿ ದೊಡ್ಡ ದೇವರಾಜ ಒಡೆಯರು ಮೆಟ್ಟಿಲು ಕಟ್ಟಿಸಿದಾಗ ಯಾರ ನಿರಾಕ್ಷೇಪಣಾ ಪತ್ರವೂ ಬೇಕಾಗಿರಲಿಲ್ಲ.

ಈ ಹಲವು ಕೈಗಳನ್ನು ಒಂದುಗೂಡಿಸಲೆಂದು ಸರ್ಕಾರ 2024ರಲ್ಲಿ ಶ್ರೀ ಚಾಮುಂಡೇಶ್ವರಿ ಕ್ಷೇತ್ರ ಅಭಿವೃದ್ಧಿ ಪ್ರಾಧಿಕಾರದ ಕಾಯ್ದೆ ತಂದಿತು. ಮುಖ್ಯಮಂತ್ರಿಯೇ ಅಧ್ಯಕ್ಷರು. ರಾಜವಂಶಸ್ಥೆ ಪ್ರಮೋದಾದೇವಿ ಒಡೆಯರ್ ಅದನ್ನು ಹೈಕೋರ್ಟಿನಲ್ಲಿ ಪ್ರಶ್ನಿಸಿದರು, ನ್ಯಾಯಾಲಯದಿಂದ ಮಧ್ಯಂತರ ಆದೇಶವೂ ಬಂತು. ಆಸ್ತಿ ಹಕ್ಕು, ಧಾರ್ಮಿಕ ಸಂಸ್ಥೆಯ ಮೇಲೆ ಸರ್ಕಾರದ ಹತೋಟಿ, ಚುನಾಯಿತ ಪಂಚಾಯಿತಿಯ ಮೇಲೆ ನೇಮಕಗೊಂಡ ಪ್ರಾಧಿಕಾರ ಕೂರುವುದು ಸರಿಯೇ ಎಂಬ ಪ್ರಶ್ನೆ: ಎಲ್ಲ ಒಂದೇ ಪ್ರಕರಣದಲ್ಲಿ. ತರಗತಿಯಲ್ಲಿ ಮೂರನೆಯದು ಹಿಂದೆ ಸರಿಯುವುದುಂಟು, ಅರಮನೆ ಮತ್ತು ಸರ್ಕಾರದ ಜಗಳ ಹೆಚ್ಚು ರಂಗಾಗಿರುವುದರಿಂದ. ಬೆಟ್ಟದ ಮೇಲೆ ಮನೆ ಮಾಡಿಕೊಂಡಿರುವವರ ಮಟ್ಟಿಗೆ ಅದೇ ಮುಖ್ಯ ಪ್ರಶ್ನೆ.

ತಪ್ಪಲಿನದು ಬೇರೆ ಕಥೆ. ಕುರುಬಾರಹಳ್ಳಿಯ ಸರ್ವೆ ನಂಬರು 4, ಆಲನಹಳ್ಳಿಯ ಸರ್ವೆ ನಂಬರು 41 ಎಂದರೆ ಮೈಸೂರಿನ ಕಂದಾಯ ವಲಯದಲ್ಲಿ ಎಲ್ಲರಿಗೂ ಗೊತ್ತು. ಹತ್ತು ವರ್ಷದಷ್ಟು ಹಿಂದೆ ಇಲ್ಲಿನ ಜಮೀನು ‘ಬಿ ಖರಾಬ್’, ಅಂದರೆ ಸರ್ಕಾರದ ಜಾಗ, ಎಂದು ದಾಖಲಾದಾಗ, ಸಾರ್ವಜನಿಕ ಸಂಸ್ಥೆಯೇ ಮಾಡಿದ ಬಡಾವಣೆಗಳಲ್ಲಿ ಸೈಟು ಕೊಂಡು ಮನೆ ಕಟ್ಟಿದವರೂ ಸಿಕ್ಕಿಬಿದ್ದರು. ಖಾತೆ, ನಕ್ಷೆ ಮಂಜೂರಾತಿ ನಿಂತವು. ಸರ್ಕಾರದ ಆಸ್ತಿ ಉಳಿಸಬೇಕಾದದ್ದು ಜಿಲ್ಲಾಡಳಿತದ ಕರ್ತವ್ಯವೇ. ಸರ್ಕಾರದ ಮಾತನ್ನು ನಂಬಿ ದುಡ್ಡು ಹಾಕಿದವನ ನ್ಯಾಯಸಮ್ಮತ ನಿರೀಕ್ಷೆಯೂ ಕಾನೂನಿನ ತತ್ತ್ವವೇ. ಎರಡನ್ನೂ ಒಂದೇ ಆದೇಶದಲ್ಲಿ ಹೇಗೆ ತೂಗುವುದು ಎಂಬುದನ್ನು ಅಭ್ಯಾಸವಾಗಿ ಬರೆಸಬಹುದು, ಸ್ಥಳಕ್ಕೆ ನಡೆದೇ ಹೋಗಿ ಬರಬಹುದು.

ರೋಪ್‌ವೇ ಪ್ರಸ್ತಾವ ಜನರ ವಿರೋಧದಿಂದ 2022ರಲ್ಲಿ ನಿಂತದ್ದು, ನಂದಿಯ ಕಡೆಯ ರಸ್ತೆ 2021ರ ಮಳೆಯಲ್ಲಿ ಕುಸಿದದ್ದು ಸಾರ್ವಜನಿಕ ಅಹವಾಲು, ಪರಿಸರ ಹೊಣೆಗಾರಿಕೆಯ ಪಾಠಗಳಿಗೆ ಒದಗುತ್ತವೆ. ಬೆಟ್ಟದ ಮೇಲೆ ನಡೆದ 2025ರ ದಸರಾ ಉದ್ಘಾಟನೆಗೆ ಲೇಖಕಿ ಬಾನು ಮುಷ್ತಾಕ್ ಅವರನ್ನು ಆಹ್ವಾನಿಸಿದ್ದನ್ನು ಪ್ರಶ್ನಿಸಿದ ಅರ್ಜಿಗಳನ್ನು ಸೆಪ್ಟೆಂಬರಿನಲ್ಲಿ ಹೈಕೋರ್ಟೂ ಸುಪ್ರೀಂ ಕೋರ್ಟೂ ವಜಾ ಮಾಡಿದವು. ಸರ್ಕಾರ ನಡೆಸುವ ಉತ್ಸವಕ್ಕೆ ಅತಿಥಿಯನ್ನು ಆರಿಸುವ ವಿವೇಚನೆ ಎಷ್ಟು ದೂರ ಹೋಗುತ್ತದೆ ಎಂಬುದನ್ನು ಬೆಟ್ಟದ ಮೇಲಿನ ಆ ವೇದಿಕೆ ಸ್ಪಷ್ಟಪಡಿಸಿತು.

ಭಾಷೆ ಮತ್ತು ಪಠ್ಯ

ರಾಜ್ಯದ ಆಡಳಿತ ಭಾಷೆ 1963ರ ಕಾಯ್ದೆಯಂತೆ ಕನ್ನಡ, ಹೈಕೋರ್ಟಿನ ಭಾಷೆ ಇಂಗ್ಲಿಷ್. ಪ್ರೊಬೇಷನರ್ ತತ್ತ್ವವನ್ನು ಇಂಗ್ಲಿಷ್ ತೀರ್ಪಿನಲ್ಲಿ ಓದಿ, ಆದೇಶವನ್ನು ಕನ್ನಡದಲ್ಲಿ ಬರೆಯುತ್ತಾನೆ. ಆ ಆದೇಶ ರಿಟ್ ಅರ್ಜಿಯ ಜೊತೆ ಇಂಗ್ಲಿಷಿಗೆ ತರ್ಜುಮೆಯಾಗಿ ನ್ಯಾಯಮೂರ್ತಿಗಳ ಮುಂದೆ ಹೋಗುತ್ತದೆ. ‘ಕಡತವನ್ನು ಪರಿಶೀಲಿಸಲಾಗಿ, ಅರ್ಜಿದಾರರ ವಾದ ಒಪ್ಪತಕ್ಕದ್ದಲ್ಲವೆಂದು ಕಂಡುಬಂದಿದ್ದರಿಂದ’ ಎಂಬ ಸಿದ್ಧ ಸಾಲಿನಲ್ಲಿ ಕಾರಣವೇ ಇಲ್ಲವೆಂಬುದು ಆಗ ಬಯಲಾಗಿ, ಪ್ರಕರಣ ಮರುವಿಚಾರಣೆಗೆ ವಾಪಸು ಬರುತ್ತದೆ. ಕನ್ನಡದಲ್ಲಿ ಕಾರಣಸಹಿತ ಆದೇಶ ಬರೆಯುವ ಅಭ್ಯಾಸಕ್ಕೆ ತರಬೇತಿಯಲ್ಲಿ ಈಗಿನದಕ್ಕಿಂತ ಹೆಚ್ಚು ಸಮಯ ಸಲ್ಲಬೇಕು. 2019ರಿಂದ ಸುಪ್ರೀಂ ಕೋರ್ಟಿನ ಆಯ್ದ ತೀರ್ಪುಗಳು ಕನ್ನಡದಲ್ಲೂ ಸಿಗುತ್ತಿವೆ. ತಹಶೀಲ್ದಾರ್, ಉಪವಿಭಾಗಾಧಿಕಾರಿ, ಜಿಲ್ಲಾಧಿಕಾರಿಗಳ ನ್ಯಾಯಾಲಯಗಳ ಆದೇಶಗಳನ್ನು ಕಂದಾಯ ಇಲಾಖೆಯ ಆನ್‌ಲೈನ್ ಪ್ರಕರಣ ವ್ಯವಸ್ಥೆಯಲ್ಲಿ ಹುಡುಕಿ ತೆಗೆಯಬಹುದು. ಅವುಗಳಲ್ಲಿ ಮೇಲ್ಮನವಿಯಲ್ಲಿ ನಿಂತ ಹತ್ತು, ಬಿದ್ದ ಹತ್ತು ಆದೇಶಗಳನ್ನು ಅಕ್ಕಪಕ್ಕ ಇಟ್ಟು ಓದಿಸಿದರೆ, ಇಲಾಖಾ ಪರೀಕ್ಷೆಯ ಗೈಡುಗಳು ಕೊಡಲಾಗದ ಪಾಠ ಸಿಗುತ್ತದೆ.